ರಗ್ಬಿ: ಒಂದು ಆಟದ ಒಡೆತನದ ಇತಿಹಾಸ

೧

ಇಂಗ್ಲೆಂಡಿಗೂ ಸ್ಕಾಟ್ಲೆಂಡಿಗೂ ವರ್ಷಕ್ಕೊಮ್ಮೆ ನಡೆಯುವ ರಗ್ಬಿ ಪಂದ್ಯದಲ್ಲಿ ಗೆದ್ದವರಿಗೆ ಸಲ್ಲುವ ಪಾರಿತೋಷಕಕ್ಕೆ ಕಲ್ಕತ್ತಾ ಕಪ್ ಎಂದು ಹೆಸರು. ಸುಮಾರು ಒಂದೂವರೆ ಅಡಿ ಎತ್ತರದ ಬೆಳ್ಳಿಯ ಪಾತ್ರೆ ಅದು. ಅದರ ಮೂರು ಹಿಡಿಗಳು ಮೂರು ನಾಗರಹಾವುಗಳು. ಮುಚ್ಚಳದ ಮೇಲೆ ಒಂದು ಆನೆ. ಎರಡು ಶೀತದೇಶಗಳ ನಡುವಣ ಸ್ಪರ್ಧೆಗೆ ಹಾವು ಆನೆಗಳ ಈ ಪಾತ್ರೆ ಹೇಗೆ ಬಂದಿತೆಂದು ವಿಚಾರಿಸಿದರೆ ಆ ಆಟದ ಇತಿಹಾಸವನ್ನು ಪ್ರವೇಶಿಸುವುದಕ್ಕೆ ಒಂದು ಬಾಗಿಲು ದೊರೆಯುತ್ತದೆ.

೧೮೭೨ರ ಕ್ರಿಸ್‌ಮಸ್ ದಿನ ಕಲ್ಕತ್ತೆಯಲ್ಲಿದ್ದ ಇಂಗ್ಲಿಷರು ಒಂದು ಕಡೆಯಾಗಿ, ಸ್ಕಾಟ್, ಐರಿಷ್ ಮತ್ತು ವೆಲ್ಷ್ ಜನರು ಇನ್ನೊಂದು ಕಡೆಯಾಗಿ, ತಂಡಕ್ಕೆ ಇಪ್ಪತ್ತು ಮಂದಿಯಂತೆ ನಿಂತು ರಗ್ಬಿ ಆಡಿದರು. ಆ ಉತ್ಸಾಹದಲ್ಲಿಯೇ ಮುಂದಿನ ತಿಂಗಳು, ೧೮೭೩ರ ಜನವರಿಯಲ್ಲಿ, ಕಲ್ಕತ್ತಾ ಫುಟ್‌ಬಾಲ್ ಕ್ಲಬ್ ಹುಟ್ಟಿಕೊಂಡಿತು. ಊರು ಬಿಟ್ಟು ದೂರ ಬಂದವರು ಊರಿನ ನೆನಪಿಗಾಗಿ ಒಂದು ಸಂಘ ಕಟ್ಟಿಕೊಳ್ಳುವುದು ಹೊರನಾಡಿನಲ್ಲಿ ಬಾಳುವ ಯಾರಿಗೂ ಅಪರಿಚಿತವಾದ ಸಂಗತಿಯಲ್ಲ. ಆದರೆ ಈ ಸಂಘಕ್ಕೆ ಆಯುಸ್ಸು ಕಡಮೆ. ಆಟದಲ್ಲಿ ಆಸಕ್ತಿಯಿದ್ದ ಸೈನಿಕ ಪಡೆ ಬೇರೆಡೆಗೆ ಹೋಯಿತು. ಬಂಗಾಳದ ಬಿಸಿಲಿಗೆ ಟೆನಿಸ್ ಮತ್ತು ಪೋಲೋ ಹೆಚ್ಚು ಹಿತವೆನಿಸಿದುವು. ಸದಸ್ಯರಿಗೆ ಪುಕ್ಕಟೆಯಾಗಿ ದೊರೆಯುತ್ತಿದ್ದ ಮದ್ಯವನ್ನು ನಿಲ್ಲಿಸಿದ ಮೇಲೆ ಬರುವವರು ಇನ್ನೂ ಕಡಮೆಯಾದರು. ಕಡೆಗೆ ೧೮೭೮ರಲ್ಲಿ ಉಳಿದಿದ್ದ ಕೆಲವರು ಕ್ಲಬ್ಬನ್ನು ಮುಚ್ಚಿ, ಬ್ಯಾಂಕಿನಲ್ಲಿದ್ದ ಹಣವನ್ನು ೨೭೦ ಬೆಳ್ಳಿಯ ರೂಪಾಯಿಗಳಾಗಿ ಹಿಂದಕ್ಕೆ ಪಡೆದು, ಆ ನಾಣ್ಯಗಳನ್ನು ಕರಗಿಸಿ, ಇಲ್ಲಿಯ ಅಕ್ಕಸಾಲಿಗರ ಕೈಯಿಂದ ಪಾತ್ರೆ ಮಾಡಿಸಿ ಲಂಡನ್ನಿಗೆ ಕಳುಹಿಸಿದರು. ೧೮೭೯ರಲ್ಲಿ ಅದಕ್ಕಾಗಿ ಮೊದಲ ಪಂದ್ಯ ನಡೆಯಿತು.

ಅದೇ ಕಲ್ಕತ್ತೆಯಲ್ಲಿ ಬ್ರಿಟಿಷರೇ ತಂದ ಇನ್ನೊಂದು ಆಟ, ಕಾಲ್ಚೆಂಡು, ಬೇರೆಯ ದಾರಿ ಹಿಡಿಯಿತು. ಬಂಗಾಳದ ಹುಡುಗರು ಅದನ್ನು ಬರಿಗಾಲಿನಲ್ಲಿ ಆಡಿ ತಮ್ಮದು ಮಾಡಿಕೊಂಡರು. ೧೯೧೧ರ ಜುಲೈ ೨೯ರಂದು ಮೋಹನ್ ಬಗಾನ್ ತಂಡವು ಈಸ್ಟ್ ಯಾರ್ಕ್‌ಷೈರ್ ಪಡೆಯನ್ನು ೨-೧ರಿಂದ ಸೋಲಿಸಿ ಐ.ಎಫ್.ಎ. ಷೀಲ್ಡ್ ಗೆದ್ದಾಗ ಆ ಆಟವು ಯಾರದೆಂಬ ಪ್ರಶ್ನೆ ಬಂಗಾಳದ ಮಟ್ಟಿಗೆ ತೀರ್ಮಾನವಾಯಿತು. ರಗ್ಬಿಯಾದರೋ ಪರದೇಶಿಗಳ ಬೇಲಿಯೊಳಗೇ ಉಳಿದು ಬೆಳ್ಳಿಯ ಪಾತ್ರೆಯಾಗಿ ಹಿಂದಿರುಗಿತು.

ಆಟವೊಂದು ಅದನ್ನು ಕಂಡುಹಿಡಿದವರ ಸ್ವತ್ತೋ, ಕಾಯುವವರ ಸ್ವತ್ತೋ, ಅಥವಾ ಕೈಗೆತ್ತಿಕೊಂಡು ಆಡುವವರ ಸ್ವತ್ತೋ? ರಗ್ಬಿಯ ಇತಿಹಾಸವೆಲ್ಲ ಈ ಒಂದು ಪ್ರಶ್ನೆಯ ಸುತ್ತ ನಡೆದ ವ್ಯಾಜ್ಯವೆನ್ನಬಹುದು.

೨

ರಗ್ಬಿ ಎಂಬುದು ಮೂಲತಃ ಒಂದು ಊರಿನ ಹೆಸರು. ಇಂಗ್ಲೆಂಡಿನ ವಾರಿಕ್‌ಷೈರ್ ಪ್ರಾಂತದ ಆ ಊರಿನವನಾದ ಲಾರೆನ್ಸ್ ಷೆರಿಫ್ ಎಂಬ ದಿನಸಿ ವ್ಯಾಪಾರಿಯು ಲಂಡನ್ನಿನಲ್ಲಿ ಹಣ ಗಳಿಸಿ, ತನ್ನ ಊರಿನ ಹುಡುಗರ ವಿದ್ಯಾಭ್ಯಾಸಕ್ಕಾಗಿ ೧೫೬೭ರಲ್ಲಿ ಒಂದು ಶಾಲೆಯನ್ನು ಏರ್ಪಡಿಸಿದನು. ಹತ್ತೊಂಬತ್ತನೆಯ ಶತಮಾನದ ವೇಳೆಗೆ ಅದು ದೇಶದ ಸಿರಿವಂತರ ಮಕ್ಕಳು ಬಂದು ತಂಗುವ ವಸತಿಶಾಲೆಯಾಗಿ ಮಾರ್ಪಟ್ಟಿದ್ದಿತು. ಆಟದ ಕಥೆಯೂ ಹೆಚ್ಚು ಕಡಮೆ ಹಾಗೆಯೇ. ಚೆಂಡನ್ನು ಒದ್ದು, ಹಿಡಿದು, ಹೊತ್ತು, ಊರಿಗೆ ಊರೇ ಬೀದಿಯಲ್ಲಿ ನೂಕಾಡುವ ಆಟ ಇಂಗ್ಲೆಂಡಿನ ಹಳ್ಳಿಗಳಲ್ಲಿ ಬಹು ಕಾಲದಿಂದ ನಡೆದುಬಂದಿದ್ದಿತು. ೧೮೩೫ರ ಹೆದ್ದಾರಿ ಕಾಯಿದೆಯು ಬೀದಿಯಲ್ಲಿ ಅದನ್ನು ಆಡುವವರಿಗೆ ದಂಡ ವಿಧಿಸಿತು. ಬಡವರ ಬೀದಿಯಲ್ಲಿ ಅಪರಾಧವಾದುದು ಸಿರಿವಂತರ ಶಾಲೆಯ ಹುಲ್ಲುಗಾವಲಿನಲ್ಲಿ ಶಿಕ್ಷಣವೆನಿಸಿತು.

೧೮೨೮ರಿಂದ ೧೮೪೨ರವರೆಗೆ ರಗ್ಬಿ ಶಾಲೆಯ ಮುಖ್ಯೋಪಾಧ್ಯಾಯನಾಗಿದ್ದ ಥಾಮಸ್ ಆರ್ನಾಲ್ಡನ ಕಾಲದಲ್ಲಿ ಶಾಲೆಯ ಕೀರ್ತಿ ಬಹಳವಾಗಿ ಹೆಚ್ಚಿತು. ಆರ್ನಾಲ್ಡನಿಗೆ ಧರ್ಮ ಮತ್ತು ಶೀಲಗಳಲ್ಲಿ ಇದ್ದ ಆಸಕ್ತಿ ಆಟದಲ್ಲಿರಲಿಲ್ಲ. ಆದರೆ ಹಿರಿಯ ವಿದ್ಯಾರ್ಥಿಗಳ ಕೈಗೇ ಕಿರಿಯರ ಆಡಳಿತವನ್ನು ಒಪ್ಪಿಸಿದ ಅವನ ಪದ್ಧತಿಯಿಂದ ಆಟದ ಆಡಳಿತವೂ ಹುಡುಗರ ಕೈಯಲ್ಲಿಯೇ ಉಳಿಯಿತು. ೧೮೪೫ರಲ್ಲಿ ಮೂವರು ಹಿರಿಯ ವಿದ್ಯಾರ್ಥಿಗಳು ಕುಳಿತು ಆಟದ ನಿಯಮಗಳನ್ನು ಬರೆದಿಟ್ಟರು. ೧೮೫೭ರಲ್ಲಿ ಆ ಶಾಲೆಯ ಹಳೆಯ ವಿದ್ಯಾರ್ಥಿ ಥಾಮಸ್ ಹ್ಯೂಸ್ ಬರೆದ ‘ಟಾಮ್ ಬ್ರೌನ್ಸ್ ಸ್ಕೂಲ್ ಡೇಸ್’ ಎಂಬ ಕಾದಂಬರಿಯು ಈ ಆಟವನ್ನು ಪೌರುಷದ ಪಾಠಶಾಲೆಯೆಂಬಂತೆ ಇಂಗ್ಲಿಷ್ ಬಲ್ಲ ಲೋಕಕ್ಕೆಲ್ಲ ಪರಿಚಯಿಸಿತು.

ಆಟದ ಸ್ವರೂಪವನ್ನು ಇಲ್ಲಿ ಒಂದೆರಡು ಮಾತಿನಲ್ಲಿ ಹೇಳುವುದು ಯುಕ್ತ. ಚೆಂಡನ್ನು ಕೈಯಲ್ಲಿ ಹಿಡಿದು ಓಡಬಹುದು. ಜೊತೆಯವನಿಗೆ ಎಸೆಯಬಹುದು, ಆದರೆ ಮುಂದಕ್ಕಲ್ಲ, ಪಕ್ಕಕ್ಕೆ ಅಥವಾ ಹಿಂದಕ್ಕೆ ಮಾತ್ರ. ಓಡುವವನನ್ನು ಎದುರಾಳಿಯು ಕಬಡ್ಡಿಯಲ್ಲಿ ಹಿಡಿಯುವಂತೆ ತೋಳಿನಿಂದ ತಬ್ಬಿ ಕೆಡವಬಹುದು. ಎದುರಾಳಿಯ ಗೆರೆಯನ್ನು ದಾಟಿ ಚೆಂಡನ್ನು ನೆಲಕ್ಕೆ ಮುಟ್ಟಿಸಿದರೆ ಅದಕ್ಕೆ ‘ಟ್ರೈ’ ಎಂದು ಹೆಸರು. ಯತ್ನ ಎಂದು ಅದರ ಅರ್ಥ. ಮೊದಲು ಅದಕ್ಕೆ ಅಂಕಗಳೇ ಇರಲಿಲ್ಲ. ಕಂಬಗಳ ನಡುವೆ ಚೆಂಡನ್ನು ಒದ್ದು ಗೋಲು ಗಳಿಸಲು ಒಂದು ಯತ್ನದ ಹಕ್ಕನ್ನಷ್ಟೆ ಅದು ಕೊಡುತ್ತಿದ್ದಿತು. ಬರಬರುತ್ತ ಅದರ ಬೆಲೆ ಏರಿ, ೧೯೭೧ರಲ್ಲಿ ನಾಲ್ಕು, ೧೯೯೨ರಲ್ಲಿ ಐದು ಅಂಕಗಳಾದುವು. ಚೆಂಡಿನ ಅಂಡಾಕಾರಕ್ಕೂ ಒಂದು ಸರಳವಾದ ಕಾರಣವಿದೆ. ಶಾಲೆಯ ಬಳಿಯ ಚಮ್ಮಾರರು ಹಂದಿಯ ಮೂತ್ರಕೋಶವನ್ನು ಊದಿ, ಅದರ ಮೇಲೆ ತೊಗಲು ಹೊಲಿದು ಚೆಂಡು ಮಾಡುತ್ತಿದ್ದರು. ಮೂತ್ರಕೋಶವು ಯಾವ ಆಕಾರಕ್ಕೆ ಉಬ್ಬಿತೋ ಚೆಂಡಿಗೂ ಅದೇ ಆಕಾರ. ಮುಂದೆ ಅವರಲ್ಲಿಯೇ ಒಬ್ಬನಾದ ರಿಚರ್ಡ್ ಲಿಂಡನ್ ರಬ್ಬರಿನ ಚೀಲವನ್ನು ಬಳಕೆಗೆ ತಂದನು.

೩

೧೮೬೩ರಲ್ಲಿ ಲಂಡನ್ನಿನ ಕೆಲವು ಕ್ಲಬ್ಬುಗಳು ಎಲ್ಲರಿಗೂ ಒಪ್ಪುವ ಒಂದೇ ನಿಯಮಾವಳಿಯನ್ನು ರಚಿಸಲು ಕೂಡಿದುವು. ಎರಡು ವಿಷಯಗಳಲ್ಲಿ ಒಮ್ಮತ ಬರಲಿಲ್ಲ: ಚೆಂಡನ್ನು ಹೊತ್ತು ಓಡುವುದು ಒಂದು, ಎದುರಾಳಿಯ ಮೊಣಕಾಲಿನ ಕೆಳಗೆ ಬೂಟಿನಿಂದ ಒದೆಯುವ ಹಕ್ಕು ಇನ್ನೊಂದು. ಒದೆತವನ್ನು ತೆಗೆದರೆ ಆಟದ ಗಂಡಸುತನವೇ ಹೋಗುವುದೆಂದು ವಾದಿಸಿ ಬ್ಲ್ಯಾಕ್‌ಹೀತ್ ಕ್ಲಬ್ ಹೊರನಡೆಯಿತು. ಉಳಿದವರಿಂದ ಇಂದಿನ ಕಾಲ್ಚೆಂಡಾಟ ಬೆಳೆಯಿತು. ಹೊತ್ತು ಓಡುವವರು ೧೮೭೧ರ ಜನವರಿ ೨೬ರಂದು ಲಂಡನ್ನಿನ ಒಂದು ಉಪಾಹಾರಗೃಹದಲ್ಲಿ ೨೧ ಕ್ಲಬ್ಬುಗಳಾಗಿ ಸೇರಿ ರಗ್ಬಿ ಫುಟ್‌ಬಾಲ್ ಯೂನಿಯನ್ ಎಂಬ ಸಂಸ್ಥೆಯನ್ನು ಕಟ್ಟಿದರು. ಅವರು ಮೊದಲು ಮಾಡಿದ ಕೆಲಸಗಳಲ್ಲಿ ಆ ಒದೆತವನ್ನು ನಿಷೇಧಿಸಿದುದೂ ಒಂದೆಂಬುದು ವಿನೋದದ ಸಂಗತಿ. ಅದೇ ವರ್ಷದ ಮಾರ್ಚ್ ೨೭ರಂದು ಎಡಿನ್‌ಬರೋ ನಗರದಲ್ಲಿ ಸ್ಕಾಟ್ಲೆಂಡ್ ಇಂಗ್ಲೆಂಡುಗಳ ನಡುವೆ ಮೊದಲ ಅಂತರರಾಷ್ಟ್ರೀಯ ಪಂದ್ಯ ನಡೆದು ಸ್ಕಾಟ್ಲೆಂಡ್ ಗೆದ್ದಿತು. ತಂಡಕ್ಕೆ ಇಪ್ಪತ್ತು ಮಂದಿ ಇದ್ದುದು ೧೮೭೭ರಲ್ಲಿ ಹದಿನೈದಕ್ಕೆ ಇಳಿಯಿತು.

ಈ ಯೂನಿಯನ್ನಿನ ಒಡೆಯರ ಮನೋಧರ್ಮವು ಕಲ್ಕತ್ತಾ ಕಪ್ಪಿನ ಪ್ರಸಂಗದಲ್ಲಿಯೇ ವ್ಯಕ್ತವಾಯಿತು. ಆ ಪಾರಿತೋಷಕಕ್ಕಾಗಿ ಕ್ಲಬ್ಬುಗಳೆಲ್ಲ ಸ್ಪರ್ಧಿಸಲಿ ಎಂಬುದು ಅದನ್ನು ಕಳುಹಿಸಿದವರ ಅಪೇಕ್ಷೆಯಾಗಿದ್ದಿತು. ಯೂನಿಯನ್ ಅದಕ್ಕೆ ಒಪ್ಪದೆ, ಎರಡು ದೇಶಗಳ ಸೌಹಾರ್ದ ಪಂದ್ಯಕ್ಕೆ ಅದನ್ನು ಮೀಸಲಿಟ್ಟಿತು. ಗೆಲುವಿಗಾಗಿ ತವಕಿಸುವುದು, ಜನಜಂಗುಳಿ ಸೇರುವುದು, ಬಾಗಿಲಿನಲ್ಲಿ ಕಾಸು ವಸೂಲು ಮಾಡುವುದು ಇವೆಲ್ಲ ಸಭ್ಯರ ಆಟಕ್ಕೆ ಕಳಂಕವೆಂಬ ಭಾವನೆ ಅಲ್ಲಿ ಬೇರೂರಿದ್ದಿತು.

೪

ಆದರೆ ಆ ವೇಳೆಗಾಗಲೇ ಆಟವು ಒಡೆಯರ ಕೈಮೀರಿ ಹೋಗಿದ್ದಿತು. ಉತ್ತರ ಇಂಗ್ಲೆಂಡಿನ ಯಾರ್ಕ್‌ಷೈರ್, ಲ್ಯಾಂಕಷೈರ್ ಪ್ರಾಂತಗಳು ಬಟ್ಟೆಗಿರಣಿ ಮತ್ತು ಕಲ್ಲಿದ್ದಲ ಗಣಿಗಳ ನಾಡು. ೧೮೫೦ರ ಕಾರ್ಖಾನೆ ಕಾಯಿದೆಯಿಂದ ಗಿರಣಿಗಳಲ್ಲಿ ಶನಿವಾರ ಮಧ್ಯಾಹ್ನ ಎರಡು ಗಂಟೆಗೆ ಕೆಲಸ ನಿಲ್ಲುವ ಪದ್ಧತಿ ಬೆಳೆಯಿತು. ಆ ಅರ್ಧ ದಿನದ ಬಿಡುವಿನಲ್ಲಿ ಕೂಲಿಕಾರರಿಗೆ ಆಟವೊಂದು ದೊರೆಯಿತು. ೧೮೭೭ರಲ್ಲಿ ಯಾರ್ಕ್‌ಷೈರಿನವರು ತಮ್ಮದೇ ಆದ ಪಾರಿತೋಷಕವನ್ನು ಏರ್ಪಡಿಸಿದಾಗ ಪಂದ್ಯ ನೋಡಲು ಸಾವಿರಗಟ್ಟಲೆ ಜನ ನೆರೆಯತೊಡಗಿದರು. ತಂಡಗಳಲ್ಲಿ ಗಣಿಗಾರರು, ನೇಯುವವರು, ಹಡಗುಕಟ್ಟೆಯ ಹಮಾಲರು ಸೇರಿದರು. ದಕ್ಷಿಣದ ವಕೀಲರನ್ನೂ ಬ್ಯಾಂಕಿನವರನ್ನೂ ಅವರು ಸೋಲಿಸತೊಡಗಿದರು.

ಇಲ್ಲಿ ಒಂದು ತೊಡಕು ಎದುರಾಯಿತು. ದೂರದ ಊರಿನಲ್ಲಿ ಪಂದ್ಯವಿದ್ದರೆ ಶನಿವಾರ ಬೆಳಗ್ಗೆಯೇ ರೈಲು ಹತ್ತಬೇಕು. ಅಂದರೆ ಅರ್ಧ ದಿನದ ಕೂಲಿ ಹೋಯಿತು. ಮೈಗೆ ಪೆಟ್ಟು ಬಿದ್ದರೆ ವಾರದ ಕೂಲಿಯೇ ಹೋಗಬಹುದು. ವಕೀಲನಿಗೆ ಈ ನಷ್ಟವಿಲ್ಲ. ಗಣಿಗಾರನಿಗೆ ಇದು ಮನೆಯ ಒಲೆಯ ಪ್ರಶ್ನೆ. ಹೀಗೆ ಕಳೆದುಹೋದ ಕೆಲಸದ ಹೊತ್ತಿಗೆ ‘ಬ್ರೋಕನ್ ಟೈಮ್’ ಎಂಬ ಹೆಸರು ಬಂದಿತು. ಯೂನಿಯನ್ನು ೧೮೮೬ರಲ್ಲಿಯೇ ಹವ್ಯಾಸಿ ನಿಯಮಗಳನ್ನು ಮಾಡಿ ಆಟಗಾರನಿಗೆ ಯಾವ ಬಗೆಯ ಹಣವೂ ಸಲ್ಲಬಾರದೆಂದು ಕಟ್ಟುಮಾಡಿದ್ದಿತು. ದುಡಿಯುವವನಿಗೆ ಆಡುವ ಆಸೆಯಿದ್ದರೆ ಅದರ ವೆಚ್ಚವನ್ನು ಅವನೇ ಹೊರಲಿ ಎಂಬುದು ಅದರ ಸಮರ್ಥಕರ ವಾದ.

೧೮೯೩ರ ಸೆಪ್ಟೆಂಬರಿನಲ್ಲಿ ಲಂಡನ್ನಿನಲ್ಲಿ ಸೇರಿದ ಮಹಾಸಭೆಯಲ್ಲಿ ಯಾರ್ಕ್‌ಷೈರಿನ ಪ್ರತಿನಿಧಿಗಳು ಒಂದು ಮಿತವಾದ ಸೂಚನೆಯನ್ನು ಮಂಡಿಸಿದರು. ಆಟಗಾರನಿಗೆ ಸಂಬಳ ಬೇಡ. ನಿಜವಾಗಿ ಕಳೆದುಕೊಂಡ ಕೂಲಿಯನ್ನಷ್ಟೆ ತುಂಬಿಕೊಡಲು ಅನುಮತಿಯಿರಲಿ ಎಂಬುದು ಅದರ ತಾತ್ಪರ್ಯ. ಉತ್ತರದಿಂದ ವಿಶೇಷ ರೈಲುಗಳಲ್ಲಿ ಸದಸ್ಯರು ಬಂದಿದ್ದರು. ಆದರೆ ದಕ್ಷಿಣದವರು ಬಾರದವರ ಮತಪತ್ರಗಳನ್ನೂ ಮೊದಲೇ ಕೂಡಿಸಿಟ್ಟಿದ್ದರು. ಸೂಚನೆಯ ಪರವಾಗಿ ೧೩೬, ವಿರುದ್ಧವಾಗಿ ೨೮೨ ಮತಗಳು ಬಿದ್ದುವು. ಎರಡು ವರ್ಷಗಳ ಹಗ್ಗಜಗ್ಗಾಟದ ಬಳಿಕ ೧೮೯೫ರ ಆಗಸ್ಟ್ ೨೯ರಂದು ಹಡರ್ಸ್‌ಫೀಲ್ಡ್ ನಗರದ ಜಾರ್ಜ್ ಹೋಟೆಲಿನಲ್ಲಿ ಉತ್ತರದ ಕ್ಲಬ್ಬುಗಳು ಸೇರಿ ನಾರ್ದರ್ನ್ ಯೂನಿಯನ್ ಎಂಬ ಬೇರೆಯ ಸಂಸ್ಥೆಯನ್ನು ಸ್ಥಾಪಿಸಿದುವು. ಸ್ಥಾಪಕ ಕ್ಲಬ್ಬುಗಳು ೨೨. ದಿನಕ್ಕೆ ಆರು ಷಿಲಿಂಗಿನವರೆಗೆ ಕೂಲಿನಷ್ಟ ಕೊಡಬಹುದೆಂದು ಅವು ತೀರ್ಮಾನಿಸಿದುವು. ಆಟಗಾರನು ಬೇರೊಂದು ಕೆಲಸದಲ್ಲಿ ಇರಲೇಬೇಕೆಂಬ ನಿಯಮವೂ ಬಂದಿತು. ಆರು ಷಿಲಿಂಗಿಗಾಗಿ ಒಂದು ಆಟ ಎರಡಾಯಿತು.

ಒಡೆದುಹೋದವರು ಪ್ರೇಕ್ಷಕರನ್ನು ನೆಚ್ಚಿ ಬಾಳಬೇಕಾದುದರಿಂದ ಆಟವನ್ನು ಚುರುಕು ಮಾಡಿಕೊಂಡರು. ೧೯೦೬ರಲ್ಲಿ ತಂಡವನ್ನು ಹದಿಮೂರಕ್ಕೆ ಇಳಿಸಿದರು. ಕೆಡವಲ್ಪಟ್ಟವನು ಎದ್ದು ನಿಂತು ಚೆಂಡನ್ನು ಹಿಂದಕ್ಕೆ ತಳ್ಳಿ ಆಟವನ್ನು ಮುಂದುವರಿಸುವ ಕ್ರಮವನ್ನು ತಂದರು. ಇದೇ ಮುಂದೆ ರಗ್ಬಿ ಲೀಗ್ ಎಂಬ ಹೆಸರನ್ನು ಪಡೆಯಿತು. ಹಳೆಯ ಯೂನಿಯನ್ ಇದಕ್ಕೆ ಕೊಟ್ಟ ಉತ್ತರ ಬಹಿಷ್ಕಾರ. ಲೀಗ್ ಪಂದ್ಯದಲ್ಲಿ ಒಮ್ಮೆ ಆಡಿದವನು, ಹಣ ಪಡೆಯಲಿ ಬಿಡಲಿ, ಜನ್ಮಪರ್ಯಂತ ಹೊರಗೆ. ಇದರಿಂದ ಯೂನಿಯನ್ನಿಗೆ ಆದ ನಷ್ಟ ಸಣ್ಣದಲ್ಲ. ೧೮೯೨ರಲ್ಲಿ ರಾಷ್ಟ್ರಗಳ ಚಾಂಪಿಯನ್ ಆಗಿದ್ದ ಇಂಗ್ಲೆಂಡ್ ತಂಡವು ಆ ಸ್ಥಾನಕ್ಕೆ ಮತ್ತೆ ಬಂದುದು ೧೯೧೦ರಲ್ಲಿ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಮಾತ್ರ ಸೈನ್ಯದ ಸಮವಸ್ತ್ರದಲ್ಲಿ ಈ ಮಡಿ ಸಡಿಲವಾಯಿತು. ೧೯೪೩ ಮತ್ತು ೧೯೪೪ರಲ್ಲಿ ಎರಡು ಪಂಗಡಗಳ ತಂಡಗಳು ಯೂನಿಯನ್ನಿನ ನಿಯಮಗಳಂತೆಯೇ ಎರಡು ಬಾರಿ ಎದುರಾದುವು. ಎರಡು ಬಾರಿಯೂ ಗೆದ್ದವರು ಬಹಿಷ್ಕೃತರಾದ ಲೀಗ್ ಆಟಗಾರರು.

೫

ಈ ಒಡಕಿನ ಹಿನ್ನೆಲೆಯಲ್ಲಿ ನೋಡಿದಾಗಲೇ ರಗ್ಬಿಯ ಹುಟ್ಟಿನ ಪ್ರಸಿದ್ಧವಾದ ಕಥೆಗೆ ಅರ್ಥ ಬರುವುದು. ೧೮೨೩ರಲ್ಲಿ ವಿಲಿಯಂ ವೆಬ್ ಎಲ್ಲಿಸ್ ಎಂಬ ವಿದ್ಯಾರ್ಥಿಯು ಆಡುತ್ತಿದ್ದಾಗ ನಿಯಮವನ್ನು ಲೆಕ್ಕಿಸದೆ ಚೆಂಡನ್ನು ತೋಳಿಗವಚಿಕೊಂಡು ಓಡಿದನೆಂದೂ ಅಂದೇ ಈ ಆಟ ಹುಟ್ಟಿತೆಂದೂ ಆ ಕಥೆ. ರಗ್ಬಿ ಶಾಲೆಯಲ್ಲಿ ೧೯೦೦ರಲ್ಲಿ ನಿಲ್ಲಿಸಿದ ಕಲ್ಲಿನ ಮೇಲೆ ಇದನ್ನು ಕೆತ್ತಿದೆ. ೧೯೮೭ರಲ್ಲಿ ಆರಂಭವಾದ ವಿಶ್ವಕಪ್ ಪಾರಿತೋಷಕಕ್ಕೂ ಎಲ್ಲಿಸನ ಹೆಸರನ್ನೇ ಇಟ್ಟಿದೆ.

ಆದರೆ ಇತಿಹಾಸದ ಒರೆಗಲ್ಲಿಗೆ ಹಚ್ಚಿದರೆ ಈ ಕಥೆ ನಿಲ್ಲುವುದಿಲ್ಲ. ಇದನ್ನು ಮೊದಲು ಬರೆದವನು ಮ್ಯಾಥ್ಯೂ ಬ್ಲಾಕ್ಸಮ್ ಎಂಬ ಪುರಾತತ್ತ್ವಾಸಕ್ತ. ಬರೆದುದು ೧೮೭೬ರಲ್ಲಿ, ಅಂದರೆ ಘಟನೆ ನಡೆಯಿತೆನ್ನುವ ಕಾಲಕ್ಕೆ ಐವತ್ತಮೂರು ವರ್ಷ ಸಂದ ಮೇಲೆ, ಅದೂ ಕೇಳಿದ ಮಾತಾಗಿ. ಪಾದ್ರಿಯಾಗಿ ಬಾಳಿದ ಎಲ್ಲಿಸನು ಅದಕ್ಕೆ ನಾಲ್ಕು ವರ್ಷ ಮೊದಲೇ ಫ್ರಾನ್ಸಿನಲ್ಲಿ ತೀರಿಕೊಂಡಿದ್ದನು. ಹಳೆಯ ವಿದ್ಯಾರ್ಥಿಗಳ ಸಂಘವು ಈ ವಿಷಯದ ವಿಚಾರಣೆಯನ್ನು ಕೈಗೊಂಡಾಗ ಕಣ್ಣಾರೆ ಕಂಡ ಸಾಕ್ಷಿ ಒಂದೂ ದೊರೆಯಲಿಲ್ಲ. ೧೮೩೪ರಲ್ಲಿ ಶಾಲೆ ಸೇರಿದ ಥಾಮಸ್ ಹ್ಯೂಸನು ತನ್ನ ಕಾಲದಲ್ಲಿ ಇಂಥ ಐತಿಹ್ಯವೇ ಇರಲಿಲ್ಲವೆಂದು ತಿಳಿಸಿದನು. ಹೊತ್ತು ಓಡುವ ರೂಢಿಯನ್ನು ಬೆಳೆಸಿದವನು ೧೮೩೮ರ ಸುಮಾರಿನಲ್ಲಿದ್ದ ಜೆಮ್ ಮ್ಯಾಕಿ ಎಂಬವನೆಂದು ಅವನ ಹೇಳಿಕೆ. ಹಾಗಿದ್ದೂ ೧೮೯೭ರ ವರದಿಯು ಎಲ್ಲಿಸನ ಪರವಾಗಿಯೇ ಒಲಿಯಿತು.

ವಿಚಾರಣೆ ಆರಂಭವಾದ ವರ್ಷ ೧೮೯೫. ಉತ್ತರದವರು ಒಡೆದುಹೋದ ವರ್ಷವೂ ಅದೇ. ಆಟವು ತಮ್ಮದೆಂದು ಗಣಿಗಾರರೂ ನೇಕಾರರೂ ಹೇಳತೊಡಗಿದಾಗ ಅದು ಒಂದು ಸಿರಿವಂತ ಶಾಲೆಯ ಅಂಗಳದಲ್ಲಿ ಒಬ್ಬ ಸಭ್ಯನ ಕೈಯಿಂದ ಹುಟ್ಟಿತೆಂಬ ಕಥೆ ಬಹಳ ಅನುಕೂಲವಾದುದೆಂದು ಸಮಾಜಶಾಸ್ತ್ರಜ್ಞರು ಸೂಚಿಸಿದ್ದಾರೆ. ಹಳ್ಳಿಯ ಬೀದಿಗಳಲ್ಲಿ ಚೆಂಡು ಹೊತ್ತು ಓಡಿದ ಹೆಸರಿಲ್ಲದ ಸಾವಿರಾರು ಜನರನ್ನು ಆ ಕಲ್ಲು ಸದ್ದಿಲ್ಲದೆ ಮರೆಮಾಡಿತು. ಹುಟ್ಟಿನ ಕಥೆಗಳು ಎಷ್ಟೋ ಸಲ ಹುಟ್ಟನ್ನು ಹೇಳುವುದಕ್ಕಿಂತ ಹಕ್ಕನ್ನು ಸ್ಥಾಪಿಸುವುದಕ್ಕಾಗಿಯೇ ರಚಿತವಾಗಿರುತ್ತವೆ.

೬

ಇಂಗ್ಲೆಂಡಿನಲ್ಲಿ ವರ್ಗಭೇದದಿಂದ ಒಡೆದ ಆಟವು ಹೊರಗೆ ಹೋದೆಡೆ ಅಲ್ಲಲ್ಲಿಯ ಜನರ ಮನೆಮಾತಾಯಿತು. ವೇಲ್ಸಿನಲ್ಲಿ ಗಣಿಗಾರನೂ ಉಪಾಧ್ಯಾಯನೂ ಒಂದೇ ತಂಡದಲ್ಲಿ ಆಡಿದರು. ೧೮೯೭ರಲ್ಲಿ ಅಲ್ಲಿಯ ಜನ ತಮ್ಮ ನೆಚ್ಚಿನ ಆಟಗಾರ ಆರ್ಥರ್ ಗೌಲ್ಡನಿಗೆ ಚಂದಾ ಎತ್ತಿ ಮನೆಯೊಂದನ್ನು ಕಾಣಿಕೆಯಾಗಿ ಕೊಟ್ಟಾಗ ಹವ್ಯಾಸಿ ನಿಯಮದ ಭಂಗವಾಯಿತೆಂದು ಗದ್ದಲವೆದ್ದಿತು. ವೇಲ್ಸ್ ಅಂತರರಾಷ್ಟ್ರೀಯ ಮಂಡಲಿಯಿಂದ ಹೊರಬಂದಿತು. ಮರುವರ್ಷವೇ ರಾಜಿಯಾಯಿತು. ಇನ್ನೂ ಒಂದು ದೇಶ ಕೈಬಿಟ್ಟುಹೋಗುವ ಭಯವಿದ್ದಾಗ ನಿಯಮಕ್ಕೆ ಕಣ್ಣು ಮುಚ್ಚುವ ಕಲೆ ಯೂನಿಯನ್ನಿಗೆ ತಿಳಿದಿದ್ದಿತೆಂದಾಯಿತು.

ನ್ಯೂಜಿಲೆಂಡಿಗೆ ಈ ಆಟವನ್ನು ಒಯ್ದವನು ಇಂಗ್ಲೆಂಡಿನಲ್ಲಿ ಓದಿ ಹಿಂದಿರುಗಿದ ಚಾರ್ಲ್ಸ್ ಮನ್ರೋ. ಅಲ್ಲಿಯ ಮೊದಲ ಪಂದ್ಯ ೧೮೭೦ರ ಮೇ ೧೪ರಂದು ನೆಲ್ಸನ್ ನಗರದಲ್ಲಿ ನಡೆಯಿತು. ಮೂಲನಿವಾಸಿಗಳಾದ ಮಾವೊರಿ ಜನರು ಬಹು ಬೇಗ ಅದನ್ನು ತಮ್ಮದು ಮಾಡಿಕೊಂಡರು. ಬಹುಪಾಲು ಮಾವೊರಿಗಳೇ ಇದ್ದ ತಂಡವೊಂದು ೧೮೮೮-೮೯ರಲ್ಲಿ ಬ್ರಿಟನ್, ಆಸ್ಟ್ರೇಲಿಯ, ನ್ಯೂಜಿಲೆಂಡುಗಳಲ್ಲಿ ಸಂಚರಿಸಿ ೧೦೭ ಪಂದ್ಯಗಳನ್ನು ಆಡಿತು. ೧೯೦೫ರಲ್ಲಿ ಡೇವ್ ಗ್ಯಾಲಹರನ ನಾಯಕತ್ವದಲ್ಲಿ ಹೊರಟ ನ್ಯೂಜಿಲೆಂಡ್ ತಂಡವು ೩೫ ಪಂದ್ಯಗಳಲ್ಲಿ ಒಂದನ್ನು ಮಾತ್ರ ಸೋತಿತು. ಡಿಸೆಂಬರ್ ೧೬ರಂದು ಕಾರ್ಡಿಫ್ ನಗರದಲ್ಲಿ ವೇಲ್ಸ್ ೩-೦ಯಿಂದ ಗೆದ್ದ ಪಂದ್ಯವೇ ಅದು. ಅಂದು ನ್ಯೂಜಿಲೆಂಡಿನವರು ಮಾವೊರಿಗಳ ‘ಹಾಕಾ’ ಎಂಬ ವೀರನೃತ್ಯವನ್ನು ಮಾಡಿದಾಗ ವೇಲ್ಸಿನ ಆಟಗಾರರು ತಮ್ಮ ನಾಡಗೀತೆಯನ್ನು ತಮ್ಮ ಭಾಷೆಯಲ್ಲಿ ಹಾಡಿದರು. ನೆರೆದ ಜನಸಾಗರ ದನಿಗೂಡಿಸಿತು. ಆಟದ ಮೈದಾನದಲ್ಲಿ ರಾಷ್ಟ್ರಗೀತೆಯನ್ನು ಹಾಡುವ ರೂಢಿಗೆ ಇದೇ ಮೊದಲೆಂದು ಹೇಳುವುದುಂಟು. ಇಂಗ್ಲೆಂಡಿನ ಶಾಲೆಯೊಂದರ ಆಟವು ಎರಡು ಚಿಕ್ಕ ಜನಾಂಗಗಳಿಗೆ ತಾವು ಇಂಗ್ಲಿಷರಲ್ಲವೆಂದು ಸಾರುವ ಸಾಧನವಾಯಿತು.

ಆ ಹಾಕಾದ ಮುಂದಿನ ಚರಿತ್ರೆಯೂ ಗಮನಾರ್ಹ. ಅದರಲ್ಲಿ ಪ್ರಸಿದ್ಧವಾದ ‘ಕಾ ಮಾಟೆ’ ೧೮೨೦ರ ಸುಮಾರಿಗೆ ತೆ ರೌಪರಾಹ ಎಂಬ ಮಾವೊರಿ ನಾಯಕನಿಂದ ರಚಿತವಾದುದು. ಬಹುಕಾಲ ಬಿಳಿಯ ಆಟಗಾರರು ಅದನ್ನು ಅರೆಬರೆಯಾಗಿ ವಿನೋದಕ್ಕೆಂಬಂತೆ ಮಾಡುತ್ತಿದ್ದರು. ೧೯೮೭ರ ಸುಮಾರಿನಲ್ಲಿ ಬಕ್ ಷೆಲ್‌ಫರ್ಡ್ ಎಂಬ ಮಾವೊರಿ ಆಟಗಾರನು, ಮಾಡುವುದಾದರೆ ಅರ್ಥ ತಿಳಿದು ಮಾಡಬೇಕು, ಇಲ್ಲವಾದರೆ ಬಿಡಬೇಕೆಂದು ಪಟ್ಟುಹಿಡಿದ ಮೇಲೆ ಅದಕ್ಕೆ ಗಾಂಭೀರ್ಯ ಬಂದಿತು. ೨೦೧೪ರಲ್ಲಿ ನ್ಯೂಜಿಲೆಂಡಿನ ಶಾಸನಸಭೆಯು ಆ ನೃತ್ಯದ ಕರ್ತೃತ್ವವನ್ನು ಕಾಯಿದೆಯ ಮೂಲಕ ಒಪ್ಪಿಕೊಂಡಿತು.

೭

ಆಟಕ್ಕೆ ವರ್ಗದ ಬೇಲಿ ಇದ್ದಂತೆ ವರ್ಣದ ಬೇಲಿಯೂ ಇದ್ದಿತು. ದಕ್ಷಿಣ ಆಫ್ರಿಕದಲ್ಲಿ ಡಚ್ ಮೂಲದ ಬಿಳಿಯರು ರಗ್ಬಿಯನ್ನು ತಮ್ಮ ರಾಷ್ಟ್ರಧರ್ಮವೆಂಬಂತೆ ಭಾವಿಸಿದರು. ಅಲ್ಲಿಯ ಕರಿಯರೂ ಮಿಶ್ರವರ್ಣದವರೂ ಹತ್ತೊಂಬತ್ತನೆಯ ಶತಮಾನದಿಂದಲೇ ರಗ್ಬಿ ಆಡುತ್ತಿದ್ದರು. ೧೮೯೭ರಲ್ಲಿಯೇ ಅವರು ತಮ್ಮದೊಂದು ಮಂಡಲಿಯನ್ನು ಸ್ಥಾಪಿಸಿಕೊಂಡಿದ್ದರು. ಆದರೆ ದೇಶದ ತಂಡದ ಹಸಿರು ಅಂಗಿ ಬಿಳಿಯರಿಗೆ ಮಾತ್ರ. ಈ ನಿರ್ಬಂಧ ಅತಿಥಿಗಳ ಮೇಲೂ ಬಿದ್ದಿತು. ೧೯೨೪-೨೫ರ ಬ್ರಿಟನ್ ಪ್ರವಾಸದಲ್ಲಿ ಖ್ಯಾತಿ ಗಳಿಸಿದ ಮಾವೊರಿ ಆಟಗಾರ ಜಾರ್ಜ್ ನೇಪಿಯಾನನ್ನು ೧೯೨೮ರಲ್ಲಿ ದಕ್ಷಿಣ ಆಫ್ರಿಕಕ್ಕೆ ಹೊರಟ ನ್ಯೂಜಿಲೆಂಡ್ ತಂಡವು ಮನೆಯಲ್ಲಿಯೇ ಬಿಟ್ಟುಹೋಯಿತು. ೧೯೭೦ರಲ್ಲಿ ಮಾವೊರಿಗಳು ಹೋದಾಗ ಅವರನ್ನು ‘ಗೌರವಾರ್ಥ ಬಿಳಿಯರು’ ಎಂದು ಪರಿಗಣಿಸಲಾಯಿತು. ಗೌರವದ ಹೆಸರಿನ ಅವಮಾನಕ್ಕೆ ಇದಕ್ಕಿಂತ ಬೇರೆಯ ಉದಾಹರಣೆ ಬೇಡ.

ವರ್ಣಭೇದ ನೀತಿಯ ವಿರುದ್ಧ ೧೯೪೬ರಲ್ಲಿಯೇ ವ್ಯಾಪಾರಸಂಬಂಧವನ್ನು ಕಡಿದುಕೊಂಡ ಮೊದಲ ದೇಶ ಭಾರತ. ಕ್ರೀಡಾಲೋಕ ಎಚ್ಚೆತ್ತುಕೊಳ್ಳಲು ಇನ್ನೂ ಕಾಲ ಹಿಡಿಯಿತು. ೧೯೭೬ರಲ್ಲಿ ನ್ಯೂಜಿಲೆಂಡ್ ತಂಡ ದಕ್ಷಿಣ ಆಫ್ರಿಕದಲ್ಲಿ ಆಡಿದುದನ್ನು ಪ್ರತಿಭಟಿಸಿ ಇಪ್ಪತ್ತಕ್ಕೂ ಹೆಚ್ಚು ದೇಶಗಳು, ಬಹುಪಾಲು ಆಫ್ರಿಕದವು, ಮಾಂಟ್ರಿಯಲ್ ಒಲಿಂಪಿಕ್ಸಿನಿಂದ ಹೊರಗುಳಿದುವು. ೧೯೮೧ರಲ್ಲಿ ದಕ್ಷಿಣ ಆಫ್ರಿಕದ ತಂಡ ನ್ಯೂಜಿಲೆಂಡಿಗೆ ಬಂದ ೫೬ ದಿನಗಳ ಕಾಲ ಆ ದೇಶವೇ ಎರಡಾಯಿತು. ಹ್ಯಾಮಿಲ್ಟನ್ ನಗರದಲ್ಲಿ ಪ್ರತಿಭಟನಕಾರರು ಮೈದಾನಕ್ಕೆ ನುಗ್ಗಿ ಪಂದ್ಯವನ್ನು ನಿಲ್ಲಿಸಿದರು. ಆಕ್ಲೆಂಡಿನ ಕೊನೆಯ ಪಂದ್ಯದ ವೇಳೆ ಚಿಕ್ಕ ವಿಮಾನವೊಂದು ಮೈದಾನದ ಮೇಲೆ ಹಿಟ್ಟಿನ ಪೊಟ್ಟಣಗಳನ್ನು ಸುರಿಸಿತು. ಒಂದೇ ಮನೆಯಲ್ಲಿ ತಂದೆ ಪಂದ್ಯಕ್ಕೂ ಮಗಳು ಪ್ರತಿಭಟನೆಗೂ ಹೊರಡುವ ಕಾಲವದು.

ಬಂಧನದಿಂದ ಬಿಡುಗಡೆಯಾಗಿ ರಾಷ್ಟ್ರಾಧ್ಯಕ್ಷನಾದ ನೆಲ್ಸನ್ ಮಂಡೇಲಾ ೧೯೯೫ರ ಜೂನ್ ೨೪ರಂದು ಜೊಹಾನ್ಸ್‌ಬರ್ಗಿನಲ್ಲಿ ಅದೇ ಹಸಿರು ಅಂಗಿಯನ್ನು ತೊಟ್ಟು, ನ್ಯೂಜಿಲೆಂಡನ್ನು ೧೫-೧೨ರಿಂದ ಸೋಲಿಸಿದ ನಾಯಕ ಫ್ರಾಂಸ್ವಾ ಪಿನಾರ್‌ನ ಕೈಗೆ ವಿಶ್ವಕಪ್ಪನ್ನಿತ್ತ ದೃಶ್ಯ ಲೋಕಪ್ರಸಿದ್ಧವಾದುದು. ದಬ್ಬಾಳಿಕೆಯ ಗುರುತಾಗಿದ್ದ ಅಂಗಿಯನ್ನು ಹರಿದೊಗೆಯದೆ ತೊಟ್ಟುಕೊಳ್ಳುವ ಮೂಲಕ ಮಂಡೇಲಾ ಅದರ ಒಡೆತನವನ್ನೇ ಬದಲಾಯಿಸಿದನು. ಆದರೆ ಅಂದಿನ ತಂಡದಲ್ಲಿ ಬಿಳಿಯನಲ್ಲದ ಆಟಗಾರ ಚೆಸ್ಟರ್ ವಿಲಿಯಮ್ಸ್ ಒಬ್ಬನೇ ಎಂಬುದನ್ನು ಮರೆಯಲಾಗದು. ದೃಶ್ಯಕ್ಕೆ ಒಂದು ದಿನ ಸಾಕು. ಸ್ಥಿತಿ ಬದಲಾಗಲು ಕಾಲು ಶತಮಾನ ಬೇಕಾಯಿತು. ಜನರನ್ನು ವರ್ಣದಿಂದ ವಿಂಗಡಿಸಿ ದಾಖಲಿಸುತ್ತಿದ್ದ ಕ್ರೂರ ಕಾಯಿದೆ ರದ್ದಾದುದು ೧೯೯೧ರ ಜೂನ್ ೧೭ರಂದು. ಅದರ ಹಿಂದಿನ ದಿನ ಹುಟ್ಟಿದ ಸಿಯಾ ಕೊಲಿಸಿ ಮುಂದೆ ಆ ತಂಡದ ಮೊದಲ ಕರಿಯ ನಾಯಕನಾಗಿ ೨೦೧೯ರಲ್ಲಿಯೂ ೨೦೨೩ರಲ್ಲಿಯೂ ವಿಶ್ವಕಪ್ ಗೆದ್ದನು.

೮

ಅದೇ ೧೯೯೫ರಲ್ಲಿ ಹವ್ಯಾಸಿ ಧರ್ಮವೂ ಮುಗಿಯಿತು. ಜೊಹಾನ್ಸ್‌ಬರ್ಗಿನ ಆ ಪಂದ್ಯದ ಮುನ್ನಾದಿನ ದಕ್ಷಿಣಾರ್ಧಗೋಲದ ಮೂರು ದೇಶಗಳು ರೂಪರ್ಟ್ ಮರ್ಡಾಕನ ಸಂಸ್ಥೆಯೊಡನೆ ಹತ್ತು ವರ್ಷಕ್ಕೆ ೫೫ ಕೋಟಿ ಡಾಲರುಗಳ ದೂರದರ್ಶನದ ಒಪ್ಪಂದವನ್ನು ಪ್ರಕಟಿಸಿದ್ದುವು. ಆಟಗಾರರಿಗೆ ಸಂಬಳ ಕೊಡದೆ ಗತ್ಯಂತರವಿರಲಿಲ್ಲ. ಆಗಸ್ಟಿನ ಕೊನೆಯ ವಾರ ಪ್ಯಾರಿಸಿನಲ್ಲಿ ಸೇರಿದ ಅಂತರರಾಷ್ಟ್ರೀಯ ಮಂಡಲಿಯು ಆಟವನ್ನು ‘ಮುಕ್ತ’ವೆಂದು ಸಾರಿತು. ಹಡರ್ಸ್‌ಫೀಲ್ಡಿನ ಸಭೆಗೆ ನೂರು ವರ್ಷ ತುಂಬಲು ಆಗ ಎರಡು ಮೂರು ದಿನಗಳು ಮಾತ್ರ ಉಳಿದಿದ್ದುವು.

ಈ ಶತಮಾನೋತ್ಸವದಲ್ಲಿ ಒಂದು ಕಟುವಾದ ವ್ಯಂಗ್ಯವಿದೆ. ಗಣಿಗಾರನು ಕೇಳಿದ ಆರು ಷಿಲಿಂಗನ್ನು ಅಧರ್ಮವೆಂದು ನಿರಾಕರಿಸಿದ ಆಟವು ದೂರದರ್ಶನದ ಕೋಟಿಗಳನ್ನು ಕಾಲಧರ್ಮವೆಂದು ಸ್ವೀಕರಿಸಿತು. ಹಣ ಬಂದಾಗ ಅದನ್ನು ಮೊದಲು ಬೇಡಿದವರ ಗಣಿಗಳೂ ಗಿರಣಿಗಳೂ ಬಹುಮಟ್ಟಿಗೆ ಮುಚ್ಚಿಹೋಗಿದ್ದುವು.

ಆಟದ ಸಂಸ್ಕೃತಿ ಅಂದಿನಿಂದ ಬೇಗ ಬೇಗ ಬದಲಾಯಿತು. ಪಂದ್ಯ ಮುಗಿದ ಮೇಲೆ ಎರಡು ತಂಡಗಳೂ ಒಟ್ಟಾಗಿ ಕುಡಿದು ಹಾಡುವ ಹಳೆಯ ಸಡಗರ ಕುಗ್ಗಿತು. ಅಂಥ ಸಡಗರದಲ್ಲಿಯೇ ೧೯೮೮ರಲ್ಲಿ ಎರಡು ತಂಡಗಳ ಆಟಗಾರರು ಕಲ್ಕತ್ತಾ ಕಪ್ಪನ್ನು ಎಡಿನ್‌ಬರೋ ಬೀದಿಯಲ್ಲಿ ಚೆಂಡಿನಂತೆ ಒದ್ದು ಜಖಂಗೊಳಿಸಿದ್ದರು. ಈಗ ಆಟಗಾರನು ದಿನವಿಡೀ ದೇಹವನ್ನು ಸಾಧಿಸುವ ಕಸಬುದಾರ. ದೇಹಗಳು ದೊಡ್ಡವಾದುವು, ಡಿಕ್ಕಿಗಳು ಭಾರವಾದುವು. ಇದರ ಬೆಲೆ ಏನೆಂಬುದು ಈಚೆಗೆ ತಿಳಿಯುತ್ತಿದೆ. ೨೦೦೩ರಲ್ಲಿ ವಿಶ್ವಕಪ್ ಗೆದ್ದ ಇಂಗ್ಲೆಂಡ್ ತಂಡದ ಸ್ಟೀವ್ ಥಾಂಪ್ಸನ್ನನು ೨೦೨೦ರಲ್ಲಿ, ತನ್ನ ೪೨ನೆಯ ವಯಸ್ಸಿನಲ್ಲಿ, ಮರೆವಿನ ರೋಗ ತನಗೆ ತಗುಲಿರುವುದಾಗಿಯೂ ಆ ಗೆಲುವು ತನ್ನ ನೆನಪಿನಲ್ಲಿಯೇ ಇಲ್ಲವೆಂಬುದಾಗಿಯೂ ಬಹಿರಂಗವಾಗಿ ತಿಳಿಸಿದನು. ತಲೆಗೆ ಬಿದ್ದ ಪೆಟ್ಟುಗಳಿಗೆ ಯಾರು ಹೊಣೆಯೆಂಬ ಪ್ರಶ್ನೆಯನ್ನು ಅವನೂ ಇತರ ಹಳೆಯ ಆಟಗಾರರೂ ನ್ಯಾಯಾಲಯಕ್ಕೆ ಒಯ್ದರು. ೧೮೯೩ರಲ್ಲಿ ಕೇಳಿದ್ದು ಕಳೆದುಹೋದ ಹೊತ್ತಿನ ಬೆಲೆ. ಈಗ ಕೇಳುತ್ತಿರುವುದು ಕಳೆದುಹೋದ ನೆನಪಿನ ಬೆಲೆ.

ಇನ್ನೊಂದು ಬದಲಾವಣೆ ಸಂತೋಷದ್ದು. ಗಂಡಸುತನದ ಪಾಠಶಾಲೆಯೆನಿಸಿದ್ದ ಆಟವನ್ನು ಹೆಂಗಸರು ಕೈಗೆತ್ತಿಕೊಂಡರು. ೧೯೯೧ರಲ್ಲಿ ಅವರು ವೇಲ್ಸಿನಲ್ಲಿ ತಮ್ಮ ಮೊದಲ ವಿಶ್ವಕಪ್ಪನ್ನು ನಡೆಸಿದಾಗ ಅಂತರರಾಷ್ಟ್ರೀಯ ಮಂಡಲಿಯ ಮನ್ನಣೆಯೇ ಇರಲಿಲ್ಲ. ೨೦೨೫ರ ಸೆಪ್ಟೆಂಬರ್ ೨೭ರಂದು ಲಂಡನ್ನಿನ ಟ್ವಿಕನಂ ಮೈದಾನದಲ್ಲಿ ಇಂಗ್ಲೆಂಡಿನ ಮಹಿಳೆಯರು ಕೆನಡವನ್ನು ೩೩-೧೩ರಿಂದ ಸೋಲಿಸಿದುದನ್ನು ನೋಡಲು ಎಂಬತ್ತು ಸಾವಿರಕ್ಕೂ ಮೀರಿ ಜನ ಸೇರಿದ್ದರು.

೯

ಕೊನೆಯದಾಗಿ, ಆಟವು ಮರಳಿ ಬಂದ ನೆಲಕ್ಕೆ ಬರಬೇಕು. ಕಲ್ಕತ್ತೆಯ ಕ್ಲಬ್ ಮುಂದೆ ಪುನಃ ಚೇತರಿಸಿಕೊಂಡರೂ ರಗ್ಬಿ ಭಾರತದಲ್ಲಿ ಬಹುಕಾಲ ಸೈನ್ಯದ ಪಡೆಗಳಲ್ಲಿಯೂ ಬಿಳಿಯರ ಕ್ಲಬ್ಬುಗಳಲ್ಲಿಯೂ ಉಳಿಯಿತು. ೧೮೭೫ರಲ್ಲಿ ಸ್ಥಾಪಿತವಾದ ಬಾಂಬೆ ಜಿಮಖಾನ ಅದರ ಮುಖ್ಯ ನೆಲೆಗಳಲ್ಲೊಂದು. ಮುಂಬಯಿಯ ಕನ್ನಡಿಗರು ಆಜಾದ್ ಮೈದಾನವನ್ನು ಹಾದುಹೋಗುವಾಗ ಮಳೆಗಾಲದ ಕೆಸರಿನಲ್ಲಿ ಈ ಅಂಡಾಕಾರದ ಚೆಂಡನ್ನು ಕಂಡಿರುವುದು ಸಾಧ್ಯ. ದೇಶದ ತಂಡ ಮೊದಲ ಬಾರಿಗೆ ಅಂತರರಾಷ್ಟ್ರೀಯ ಪಂದ್ಯ ಆಡಿದುದು ೧೯೯೮ರಲ್ಲಿ.

ಆದರೆ ಆಟ ಇಲ್ಲಿ ಬೇರುಬಿಡುತ್ತಿರುವುದು ಕ್ಲಬ್ಬುಗಳ ಹಸಿರು ಹಾಸಿನಲ್ಲಿ ಅಲ್ಲ. ೨೦೦೭ರಲ್ಲಿ ಭುವನೇಶ್ವರದ ಆದಿವಾಸಿ ಮಕ್ಕಳ ವಸತಿಶಾಲೆಯೊಂದರ ಹುಡುಗರು ಇಂಗ್ಲೆಂಡಿಗೆ ಹೋಗಿ, ಹದಿನಾಲ್ಕು ವರ್ಷದೊಳಗಿನ ಶಾಲಾ ತಂಡಗಳ ಅಂತರರಾಷ್ಟ್ರೀಯ ಸ್ಪರ್ಧೆಯನ್ನು ಗೆದ್ದುಬಂದರು. ಒಡಿಶಾ, ಬಿಹಾರಗಳ ಹಳ್ಳಿಯ ಹುಡುಗಿಯರು ದೇಶದ ತಂಡಕ್ಕೆ ಬಂದರು. ಕಲ್ಕತ್ತೆಯ ಮೈದಾನದಲ್ಲಿಯೇ ೨೦೦೪ರಲ್ಲಿ ಆರಂಭವಾದ ಜಂಗಲ್ ಕ್ರೋಸ್ ಎಂಬ ಸಂಘದಲ್ಲಿ ಬಡಕುಟುಂಬಗಳ ಮಕ್ಕಳು ಈ ಆಟವನ್ನು ಕಲಿತರು. ೨೦೨೫ರಲ್ಲಿ ಮುಂಬಯಿಯಲ್ಲಿ ನಡೆದ, ತಂಡಕ್ಕೆ ಏಳು ಮಂದಿಯ ರಗ್ಬಿ ಲೀಗಿನಲ್ಲಿ ಬೆಂಗಳೂರಿನ ಹೆಸರು ಹೊತ್ತ ತಂಡವೂ ಆಡಿತು.

ಊರು ಬಿಟ್ಟು ಬಂದವರು ಕಟ್ಟಿದ ಸಂಘವೊಂದು ಐದು ವರ್ಷಗಳಲ್ಲಿ ಮುಚ್ಚಿದುದೇಕೆಂಬ ಪ್ರಶ್ನೆಗೆ ಈ ಇತಿಹಾಸವೇ ಉತ್ತರ ಕೊಡುತ್ತದೆ. ಅವರು ತಂದುದನ್ನು ಕಾಪಾಡಿದರೇ ಹೊರತು ನೆರೆಯವರಿಗೆ ಕೊಡಲಿಲ್ಲ. ಯಾರ್ಕ್‌ಷೈರಿನ ಗಿರಣಿಯವನು, ವೇಲ್ಸಿನ ಗಣಿಗಾರ, ಮಾವೊರಿ ತರುಣ, ಜ್ವಿಡೆಯ ಬಡ ಕೇರಿಯಲ್ಲಿ ಬೆಳೆದ ಕೊಲಿಸಿ, ಇವರಲ್ಲಿ ಯಾರಿಗೂ ಆಟದ ಒಡೆಯರು ಅದನ್ನು ಸಂತೋಷದಿಂದ ಕೊಟ್ಟವರಲ್ಲ. ಅವರು ತಾವಾಗಿಯೇ ತೆಗೆದುಕೊಂಡರು, ಆಟ ಬದುಕಿತು. ಕಲ್ಕತ್ತೆಯ ೨೭೦ ರೂಪಾಯಿಗಳು ಇಂದಿಗೂ ಪಾತ್ರೆಯಾಗಿ ಹೊಳೆಯುತ್ತಿವೆ. ಆದರೆ ಆ ನಗರದ ಆಟ ಈಗ ಇರುವುದು ಆ ಬೆಳ್ಳಿಯಲ್ಲಿ ಅಲ್ಲ, ಮೈದಾನದ ಕೆಸರಿನಲ್ಲಿ ಚೆಂಡು ಹೊತ್ತು ಓಡುವ ಮಕ್ಕಳ ತೋಳಿನಲ್ಲಿ.